ಹಣೆಪಟ್ಟಿ

ಮಾಗಿಯ ಚಳಿಗೆ ನನ್ನ ಹಿಮ್ಮಡಿ ಒಡೆದದ್ದು ನೋಡಿ ಮೊನ್ನೆ ಮಗಳು ವ್ಯಾಸಲೀನ್ ಡಬ್ಬಿ ತಂದಿಟ್ಟಳು. 'ಜಾನ್ ಲಿವರ್!' ಎಂದೆ. 'ಯಾರಪ್ಪಾ ಅದು, ಚರ್ಮದ ಡಾಕ್ಟರಾ?' ಎಂದಳು. 1967ರಿಂದ 1989ರವರೆಗೆ ಎಸೆಕ್ಸ್ ಕೌಂಟಿಗೆ ಎಡಗೈ ವೇಗದ ಬೌಲಿಂಗ್ ಮಾಡಿ, ಪ್ರಥಮ ದರ್ಜೆಯಲ್ಲಿ ಒಟ್ಟು 1,722 ವಿಕೆಟ್ ಕಿತ್ತವನಿಗೆ ಇಂಥ ಗತಿ.

ಹಾಸನದ ನಮ್ಮ ಮನೆಯಲ್ಲಿ ವ್ಯಾಸಲೀನಿಗೆ ಬಹಿಷ್ಕಾರವಿತ್ತು. 1976ರ ಡಿಸೆಂಬರಿನಲ್ಲಿ ಲಿವರ್ ಇಂಗ್ಲೆಂಡ್ ಪರ ನಮ್ಮ ವಿರುದ್ಧ ದೆಹಲಿಯಲ್ಲಿ ತನ್ನ ಮೊದಲ ಟೆಸ್ಟ್ ಆಡಿದ. ಮೊದಲ ಇನಿಂಗ್ಸಿನಲ್ಲೇ 46 ರನ್ನಿಗೆ 7 ವಿಕೆಟ್, ಸಾಲದೆಂಬಂತೆ ಬ್ಯಾಟಿನಿಂದ 53. ಅದನ್ನು ಅಪ್ಪ ಹೇಗೋ ನುಂಗಿಕೊಂಡರು. ಮುಂದಿನ ತಿಂಗಳು ಮದ್ರಾಸಿನಲ್ಲಿ ಲಿವರ್ ಮತ್ತು ಜೊತೆಯ ಬೌಲರ್ ವಿಲ್ಲಿಸ್ ಹಣೆಗೆ ವ್ಯಾಸಲೀನ್ ಸವರಿದ ಗಾಜ್ ಪಟ್ಟಿ ಅಂಟಿಸಿಕೊಂಡು ಬಂದರು. ಬೆವರು ಕಣ್ಣಿಗಿಳಿಯದಿರಲಿ ಎಂದು ತಂಡದ ಫಿಸಿಯೋ ಬರ್ನಾರ್ಡ್ ಥಾಮಸ್ ಕೊಟ್ಟ ಉಪಾಯವಂತೆ. ಪಟ್ಟಿ ಅಂಪೈರ್ ರೂಬೆನ್ ಕಣ್ಣಿಗೆ ಬಿತ್ತು. ಚೆಂಡು ಹೊಳೆಯಲೆಂದೇ ಈ ಜಿಡ್ಡು ಎಂದು ನಮ್ಮ ನಾಯಕ ಬೇಡಿ ಗುಡುಗಿದರು. ನಾವು 83ಕ್ಕೆ ಆಲೌಟಾಗಿ ಸರಣಿ ಕಳೆದುಕೊಂಡೆವು. ಮೋಸ ಸಾಬೀತಾಗಲಿಲ್ಲ. ನಮ್ಮ ಮನೆಯ ಕೋರ್ಟಿನಲ್ಲಿ ಮಾತ್ರ ತೀರ್ಪು ಅಂದು ಸಂಜೆಯೇ ಹೊರಬಿತ್ತು. ಅಮ್ಮನ ಡಬ್ಬಿ ತಿಪ್ಪೆ ಸೇರಿತು.

ಮುಂದಿನ ಟೆಸ್ಟ್ ಬೆಂಗಳೂರಿನಲ್ಲಿ. ಚಂದ್ರಶೇಖರ್ 76ಕ್ಕೆ 6, ಬೇಡಿ 71ಕ್ಕೆ 6, ಯಜುರ್ವಿಂದ್ರ ಸಿಂಗ್ ಹಿಡಿದ ಏಳು ಕ್ಯಾಚು. 140 ರನ್ನಿನ ಗೆಲುವು. ಬಹಿಷ್ಕಾರ ಇನ್ನಾದರೂ ತೆರವಾದೀತೆಂದು ಅಮ್ಮ ಕಾದಳು. ಆಗಲಿಲ್ಲ. ಚಳಿಗಾಲವೆಲ್ಲ ಅವಳ ಹಿಮ್ಮಡಿಗೆ ಹರಳೆಣ್ಣೆ, ನಮ್ಮ ತುಟಿಗೆ ಬೆಣ್ಣೆ. ಮೂಗಿಗೆ ತುಪ್ಪ ಸವರುವವರನ್ನು ಆಮೇಲೆ ಬೇಕಾದಷ್ಟು ಕಂಡೆ. ತುಟಿಗೆ ಬೆಣ್ಣೆ ಸವರಿಸಿಕೊಂಡು ಶಾಲೆಗೆ ಹೋದವರು ಊರಿನಲ್ಲಿ ನಾವೇ ಇದ್ದಿರಬೇಕು. ನೊಣಗಳಿಗೂ ನಮ್ಮ ಗುರುತು ಹತ್ತಿತ್ತು.

ಹಣೆಪಟ್ಟಿ ಎಂಬ ನಮ್ಮ ಮಾತು ಲಿವರನಿಗೆ ಹೊಂದಿದಷ್ಟು ಇನ್ನಾರಿಗೂ ಹೊಂದಲಿಕ್ಕಿಲ್ಲ. ಕಿತ್ತರೂ ಹೋಗದೆ ಅಂಟಿಕೊಂಡಿತು. ಅತ್ತ ಅವನ ಬದುಕೋ, ಅಪ್ಪಟ ಕೂಲಿಯವನದು. ಆಗೆಲ್ಲ ಶನಿವಾರ ಶುರುವಾದ ಮೂರು ದಿನದ ಪಂದ್ಯವನ್ನು ಭಾನುವಾರ ಕಟ್ಟಿಟ್ಟು ಅಂದು ನಲವತ್ತು ಓವರಿನ ಬೇರೊಂದು ಪಂದ್ಯ. ಸೋಮವಾರ ಮತ್ತೆ ಹಳೆಯ ಗಂಟು ಬಿಚ್ಚುವುದು. ಚೆಲ್ಮ್ಸ್‌ಫರ್ಡ್, ಕಾಲ್ಚೆಸ್ಟರ್, ಇಲ್ಫರ್ಡ್, ಸೌತೆಂಡ್ ಎಂದು ಊರೂರು ತಿರುಗುತ್ತಿದ್ದ ಅಂದಿನ ಎಸೆಕ್ಸ್ ತಂಡ ನಮ್ಮ ಯಕ್ಷಗಾನ ಮೇಳದಂತೆಯೇ ಇತ್ತು. ಚೆಲ್ಮ್ಸ್‌ಫರ್ಡ್ ಮೈದಾನ ಕೊಳ್ಳಲೂ ವಾರ್ವಿಕ್‌ಶೈರ್ ಅಭಿಮಾನಿಗಳ ಸಂಘದಿಂದ ಸಾಲ ಎತ್ತಿದವರು. 1876ರಲ್ಲಿ ಹುಟ್ಟಿದ ಕ್ಲಬ್ಬು ಮೊದಲ ಸಲ ಕೌಂಟಿ ಚಾಂಪಿಯನ್ ಆದದ್ದು 1979ರಲ್ಲಿ. ಆ ಬೇಸಿಗೆಯಲ್ಲಿ ಲಿವರ್ ಕೆಡವಿದ ವಿಕೆಟ್ 106. ಇಂಗ್ಲೆಂಡಿನ ಮೋಡ, ಇಂಗ್ಲೆಂಡಿನ ಚಳಿ. ಹಣೆಯಲ್ಲಿ ಬೆವರಾದರೂ ಎಲ್ಲಿತ್ತು? ಇದನ್ನು ಅಪ್ಪನೆದುರು ಹೇಳುವ ಧೈರ್ಯ ನನಗಿರಲಿಲ್ಲ. 1982ರಲ್ಲಿ ಅವನು ವರ್ಣಭೇದ ನೀತಿಯ ದಕ್ಷಿಣ ಆಫ್ರಿಕಕ್ಕೆ ಆಡಲು ಹೋಗಿ ಮೂರು ವರ್ಷ ನಿಷೇಧ ತಂದುಕೊಂಡಾಗಲಂತೂ, 'ನೋಡಿದೆಯಾ?' ಎಂದರು. ಆ ಒಂದರಲ್ಲಿ ಅವರ ಮಾತೇ ಸರಿ.

1986ರ ಜೂನ್. ಹೆಡಿಂಗ್ಲಿ ಟೆಸ್ಟಿಗೆ ಇಂಗ್ಲೆಂಡ್ ಲಿವರನನ್ನು ಮತ್ತೆ ಕರೆಯಿತು. ವಯಸ್ಸು 37. ನಮ್ಮ ರೋಜರ್ ಬಿನ್ನಿ 40ಕ್ಕೆ 5 ತೆಗೆದು, ವೆಂಗ್‌ಸರ್ಕಾರ್ ಶತಕ ಹೊಡೆದು, ನಾವು 279 ರನ್ನಿನಿಂದ ಗೆದ್ದೆವು. ಸೋತವರ ಪೈಕಿ ಲಿವರನಿಗೂ ಆರು ವಿಕೆಟ್. ಅದು ಅವನ ಇಪ್ಪತ್ತೊಂದನೆಯ, ಕೊನೆಯ ಟೆಸ್ಟ್. ಅಪ್ಪ ರೇಡಿಯೋ ಆರಿಸಿ, ಕೊಡೆ ಹಿಡಿದು ಪೇಟೆಗೆ ಹೋದರು. ನೆನೆದು ಬಂದವರು ಜೇಬಿನಿಂದ ಸಣ್ಣದೊಂದು ವ್ಯಾಸಲೀನ್ ಡಬ್ಬಿ ತೆಗೆದು ಅಮ್ಮನ ಕನ್ನಡಿಯ ಮುಂದಿಟ್ಟರು.

ಅಮ್ಮ ಡಬ್ಬಿಯನ್ನೊಮ್ಮೆ, ಅಪ್ಪನನ್ನೊಮ್ಮೆ ನೋಡಿದಳು.

'ಮಳೆಗಾಲದಲ್ಲಿ ಯಾರ ಹಿಮ್ಮಡಿ ಒಡೆಯುತ್ತೇರೀ?'