ವಾರ್ಸಾದ ಹಾಲಿನ ಕ್ಯಾನು

ವಾರ್ಸಾದ ತ್ವೊಮಾಟ್ಸ್ಕ್ಯೆ ಬೀದಿಯ ಬಳಿ ನೀಲಿ ಗಾಜಿನ ಎತ್ತರದ ಕಟ್ಟಡವೊಂದಿದೆ. ನಗರದ ಯಹೂದಿಗಳ ದೊಡ್ಡ ಪ್ರಾರ್ಥನಾ ಮಂದಿರ, ಸಿನಗಾಗ್, ಇದ್ದದ್ದು ಅಲ್ಲಿ. 1943ರ ಮೇ 16ರಂದು, ಯಹೂದಿಗಳನ್ನು ಕೂಡಿಹಾಕಿದ್ದ ಘೆಟ್ಟೋದ ದಂಗೆಯನ್ನು ಹೊಸಕಿಹಾಕಿದ ವಿಜಯೋತ್ಸವವೆಂಬಂತೆ, ನಾತ್ಸಿ ಅಧಿಕಾರಿ ಯೂರ್ಗೆನ್ ಷ್ಟ್ರೋಪ್ ಅದನ್ನು ಸಿಡಿಮದ್ದಿಟ್ಟು ಉರುಳಿಸಿದ. ಯುದ್ಧದ ನಂತರ ಅಲ್ಲಿ ಕೈಗೆತ್ತಿಕೊಂಡ ಕಟ್ಟಡ ಕುಂಟುತ್ತ ಸಾಗಿ ಮುಗಿದದ್ದು 1991ರಲ್ಲಿ. ಯಹೂದಿ ಧರ್ಮಗುರು, ರಬ್ಬಿಯೊಬ್ಬರ ಶಾಪ ತಟ್ಟಿತ್ತು ಅಂತ ಊರ ಮಾತು. "ನಮ್ಮ ಕಡೆ ಆಗಿದ್ರೆ ಒಂದು ಶಾಂತಿ ಮಾಡಿಸಿ ಬೇಗ ಎಬ್ಬಿಸಿಬಿಡ್ತಿದ್ರು ಅತ್ತೆ," ಎಂದ ಅಣ್ಣನ ಮಗ. ಅವನಿಗೆ ಇಲ್ಲಿ ಸಾಫ್ಟ್‌ವೇರ್ ಕೆಲಸ. ಅತ್ತೆಗೆ ಅರಮನೆ, ಹಳೇ ಪೇಟೆ ತೋರಿಸಬೇಕೆಂದು ರಜೆ ಹಾಕಿದ್ದವನನ್ನು ನಾನು ಇಲ್ಲಿಗೆ ಎಳೆದು ತಂದಿದ್ದೆ.

ಪಕ್ಕದಲ್ಲೇ ಯಹೂದಿ ಇತಿಹಾಸ ಸಂಸ್ಥೆ. ಯುದ್ಧಕ್ಕೆ ಮುಂಚೆ ಅದು ಸಿನಗಾಗ್‌ನ ಗ್ರಂಥಾಲಯವಾಗಿತ್ತು. ಒಳಗೆ ಕಾಲಿಡುತ್ತಲೇ ಹಜಾರದ ನೆಲದಲ್ಲಿ ಕಪ್ಪು ಕಲೆಗಳು. ಸಿನಗಾಗ್ ಸಿಡಿದಾಗ ಬೆಂಕಿ ಇಲ್ಲಿಗೂ ಹಬ್ಬಿತ್ತು. ಸುಟ್ಟ ಗುರುತನ್ನು ಹಾಗೇ ಉಳಿಸಿಕೊಂಡಿದ್ದಾರೆ. ಜನ ಅದರ ಮೇಲೆಯೇ ನಡೆದು ಟಿಕೆಟ್ ಕೌಂಟರಿಗೆ ಹೋಗುತ್ತಾರೆ, ನಾವೂ ಹೋದೆವು.

ನಾನು ನೋಡಲು ಬಂದ ವಸ್ತು ಗಾಜಿನ ಪೆಟ್ಟಿಗೆಯಲ್ಲಿತ್ತು: ಒಂದು ಹಾಲಿನ ಕ್ಯಾನು. ನಮ್ಮ ಹಳ್ಳಿಗಳಲ್ಲಿ ಬೆಳಿಗ್ಗೆ ಡೇರಿ ಮುಂದೆ ಸಾಲಾಗಿ ನಿಲ್ಲುತ್ತವಲ್ಲ, ಅಂಥದ್ದೇ, ಆದರೆ ಮೈಯೆಲ್ಲ ತುಕ್ಕು. ಇತಿಹಾಸಕಾರ ಇಮಾನ್ಯುಯೆಲ್ ರಿಂಗೆಲ್‌ಬ್ಲುಮ್ ಘೆಟ್ಟೋದೊಳಗೆ ಗುಟ್ಟಾಗಿ ಒಂದು ತಂಡ ಕಟ್ಟಿ ಡೈರಿ, ಪಡಿತರ ಚೀಟಿ, ಪೋಸ್ಟರ್, ಮಕ್ಕಳ ಪ್ರಬಂಧ, ಸಿಕ್ಕಿದ್ದನ್ನೆಲ್ಲ ಕೂಡಿಟ್ಟ. ನೊವೊಲಿಪ್ಕಿ ಬೀದಿಯ ಶಾಲೆಯೊಂದರ ನೆಲಮಾಳಿಗೆಯಲ್ಲಿ ಹೂತಿಟ್ಟ ಮೊದಲ ಕಂತು ತಗಡಿನ ಪೆಟ್ಟಿಗೆಗಳಲ್ಲಿ 1946ರಲ್ಲಿ ಸಿಕ್ಕಿತು. ಎರಡನೆಯದು 1950ರ ಡಿಸೆಂಬರಿನಲ್ಲಿ, ಎರಡು ಹಾಲಿನ ಕ್ಯಾನುಗಳಲ್ಲಿ. ಮೂರನೆಯದು ಇನ್ನೂ ಸಿಕ್ಕಿಲ್ಲ.

ಆ ಎರಡನೇ ಕಂತಿನಲ್ಲಿ ಹಸೀದಿ ಎಂಬ ಭಕ್ತಿಪಂಥದ ಗುರುವೊಬ್ಬರ ಹೀಬ್ರೂ ಹಸ್ತಪ್ರತಿ ಇತ್ತು. ಅವರು ಪಿಯಾಸೆಚ್ನೊ ಊರಿನ ರಬ್ಬಿ ಕಲೊನಿಮಸ್ ಕಲ್ಮನ್ ಷಪೀರಾ. 1939ರ ಸೆಪ್ಟೆಂಬರಿನ ಬಾಂಬ್ ದಾಳಿಯಲ್ಲಿ ಅವರ ಒಬ್ಬನೇ ಮಗನೂ ಸೊಸೆಯೂ ಸತ್ತರು. ನವೆಂಬರಿನಲ್ಲಿ ಅವರು ಮಾಡಿದ ಪ್ರವಚನ ಅಬ್ರಹಾಮನ ಹೆಂಡತಿ ಸಾರಳ ಸಾವಿನ ಬಗ್ಗೆ. ಮಗ ಇಸಾಕನನ್ನು ಬಲಿಪೀಠಕ್ಕೆ ಕಟ್ಟಿದ ಕಥೆಯ ಬೆನ್ನಿಗೇ ಧರ್ಮಗ್ರಂಥದಲ್ಲಿ ಸಾರಳ ಸಾವು ಬರುತ್ತದೆ. ಯಾಕೆ? ಮನುಷ್ಯನ ಮೇಲೆ ಮಿತಿಮೀರಿದ ಸಂಕಟ ಹೇರಬಾರದು, ತಾಳಿಕೊಳ್ಳುವುದಕ್ಕೂ ಒಂದು ಅಳತೆ ಇದೆ ಎಂದು ದೇವರಿಗೇ ತೋರಿಸಿಕೊಡಲು ಅವಳು ಪ್ರಾಣಬಿಟ್ಟಳು ಎಂಬ ಅರ್ಥ ಬರುವಂತೆ ಅವರು ವಿವರಿಸಿದರು. ಮಗನ ವಿಚಾರ ಎತ್ತಲಿಲ್ಲ. ಕೇಳುತ್ತ ಕೂತವರಿಗೆ ಅರ್ಥವಾಗದೆ ಇದ್ದೀತೆ?

ನನ್ನನ್ನು ಹಿಡಿದು ನಿಲ್ಲಿಸಿದ್ದು ಹಸ್ತಪ್ರತಿಯ ಇನ್ನೊಂದು ಜಾಗ. 1941ರ ಹನುಕ್ಕಾ ಹಬ್ಬದಲ್ಲಿ ಅವರು ಜನರನ್ನು ಗದರಿದ್ದರು: ಈ ಕಷ್ಟ ಕಂಡು ನಂಬಿಕೆ ಕಳೆದುಕೊಳ್ಳುವುದು ಯಾಕೆ, ಜೆರೂಸಲೇಮಿನ ದೇವಾಲಯ ಉರುಳಿದಾಗ, ಬೇತಾರ್ ಕೋಟೆ ಬಿದ್ದಾಗ ಇಂಥದ್ದನ್ನೆಲ್ಲ ನಮ್ಮವರು ಕಂಡಿದ್ದಾರಲ್ಲ ಎಂದು. ಮರುವರ್ಷ ಜುಲೈ 22ಕ್ಕೆ ಟ್ರೆಬ್ಲಿಂಕಾ ಕೊಲೆ ಶಿಬಿರದತ್ತ ರೈಲುಗಳು ಹೊರಟವು. ಎರಡು ತಿಂಗಳಲ್ಲಿ ಎರಡೂವರೆ ಲಕ್ಷಕ್ಕೂ ಹೆಚ್ಚು ಜನ ಹೋದರು. 1942ರ ಕೊನೆಗೆ ರಬ್ಬಿ ಹಳೆಯ ಹಾಳೆ ತೆಗೆದು ಆ ಪ್ರವಚನಕ್ಕೆ ಒಂದು ಟಿಪ್ಪಣಿ ಸೇರಿಸಿದರು: ನಾನು ಹೇಳಿದ್ದು ಈ ವರ್ಷದ ನಡುವಿನವರೆಗಿನ ಕಷ್ಟಕ್ಕೆ ಮಾತ್ರ, ಆಮೇಲೆ ನಡೆದದ್ದಕ್ಕೆ ಸಮನಾದದ್ದು ಹಿಂದೆಂದೂ ನಡೆದದ್ದು ನನಗೆ ತಿಳಿದಿಲ್ಲ ಎಂಬ ಭಾವದ ಮಾತು. ಮೊದಲು ಬರೆದದ್ದನ್ನು ಹೊಡೆದುಹಾಕಲಿಲ್ಲ. ಎರಡೂ ಅಲ್ಲೇ ಇವೆ.

ಕಾಗದಗಳನ್ನು ಪ್ಯಾಲಸ್ತೀನಿನಲ್ಲಿದ್ದ ತಮ್ಮನಿಗೆ ಮುಟ್ಟಿಸಿ ಎಂದು ಕೋರಿ ಒಂದು ಪತ್ರ ಇಟ್ಟಿದ್ದರು. ಕ್ಯಾನು ಸಿಗುವ ಹೊತ್ತಿಗೆ ತಮ್ಮ ಬದುಕಿರಲಿಲ್ಲ. ರಬ್ಬಿಯನ್ನು 1943ರ ನವೆಂಬರಿನಲ್ಲಿ ತ್ರಾವ್ನಿಕಿ ಶಿಬಿರದಲ್ಲಿ ಕೊಂದಿದ್ದರು. ಆ ಹಸ್ತಪ್ರತಿ ಪುಸ್ತಕವಾಗಿ 1960ರಲ್ಲಿ ಇಸ್ರೇಲಿನಲ್ಲಿ ಅಚ್ಚಾಯಿತು.

ಸಂಸ್ಥೆಯಿಂದ ಹೊರಬಂದು ಮುರಾನೋವ್ ಬಡಾವಣೆಯಲ್ಲಿ ನಡೆದೆವು. ಘೆಟ್ಟೋದ ಇಟ್ಟಿಗೆ ಪುಡಿಯನ್ನು ಸಾಗಿಸದೆ ಅದರ ಮೇಲೆಯೇ ಕಟ್ಟಿದ ಬಡಾವಣೆಯಿದು. ಹಾಗಾಗಿ ಹಲವು ಮನೆಗಳು ದಿಬ್ಬದ ಮೇಲಿವೆ, ಬಾಗಿಲಿಗೆ ಮೆಟ್ಟಿಲು ಹತ್ತಬೇಕು. ಹೆಂಗಸೊಬ್ಬಳು ಸೈಕಲ್ಲನ್ನು ಮೆಟ್ಟಿಲ ಮೇಲೆ ಎತ್ತಿ ಎತ್ತಿ ಇಡುತ್ತಿದ್ದಳು, ಬ್ಯಾಗಿನಿಂದ ಈರುಳ್ಳಿ ಸೊಪ್ಪು ಇಣುಕುತ್ತಿತ್ತು.

ಮರುದಿನ ಕಾರಿನಲ್ಲಿ ಟ್ರೆಬ್ಲಿಂಕಾಕ್ಕೆ. ದಾರಿಯುದ್ದಕ್ಕೂ ಹುಡುಗನ ಪ್ರಶ್ನೆ: "ದೇವರಿದ್ದಿದ್ರೆ ಸುಮ್ನೆ ಹೇಗೆ ಕೂತಿರ್ತಿದ್ದ ಅತ್ತೆ?" ಯಹೂದಿ ಚಿಂತಕರು ಯುದ್ಧದ ನಂತರ ಇದೇ ಪ್ರಶ್ನೆ ಹಿಡಿದು ಜಗ್ಗಾಡಿದ್ದಾರೆ. ರಿಚರ್ಡ್ ರೂಬೆನ್‌ಸ್ಟೈನ್ 1966ರಲ್ಲಿ, ಇತಿಹಾಸವನ್ನು ನಡೆಸುವ ದೇವರನ್ನು ಇನ್ನು ನಂಬಲಾಗದು ಎಂದ. ಎಲಿಯೆಜರ್ ಬರ್ಕೊವಿಟ್ಸ್ 1973ರಲ್ಲಿ, ಮನುಷ್ಯನಿಗೆ ಸ್ವಾತಂತ್ರ್ಯ ಇರಬೇಕಾದರೆ ದೇವರು ಮುಖ ಮರೆಸಿಕೊಳ್ಳಲೇಬೇಕು ಎಂದು ವಾದಿಸಿದ. ಎಮಿಲ್ ಫಾಕೆನ್‌ಹೈಮ್, ಧರ್ಮದ 613 ವಿಧಿಗಳ ಮೇಲೆ 614ನೆಯದನ್ನು ಸೇರಿಸಿದ: ಹಿಟ್ಲರನಿಗೆ ಸತ್ತ ಮೇಲೂ ಗೆಲುವು ಕೊಡಬಾರದು. ಇದು ನನಗೆ ಕೊಂಚ ಘೋಷಣೆಯಂತೆ ಕೇಳಿಸುತ್ತದೆ. ವೈರಿಯ ಲೆಕ್ಕದಲ್ಲಿ ದೇವರನ್ನು ಎಷ್ಟು ದಿನ ಇಟ್ಟುಕೊಂಡಾರು?

ಪಾಪದ ಫಲ ಎಂದವರೂ ಇದ್ದಾರೆ. ಸತ್ಮಾರ್ ಪಂಥದ ಗುರು ಯೋಯೆಲ್ ಟೈಟೆಲ್‌ಬಾಮ್ ಯಹೂದಿಗಳಿಗೊಂದು ಸ್ವಂತ ನಾಡು ಬೇಕೆನ್ನುವ ಜಿಯೋನಿಸಂ ಮೇಲೆ ತಪ್ಪು ಹೊರಿಸಿದರು. ನಾವೇನು ಕಡಿಮೆಯೇ? ಮಾಡಿದ್ದುಣ್ಣೋ ಮಹಾರಾಯ ಎಂದು ಥಟ್ಟನೆ ಅಂದುಬಿಡುತ್ತೇವೆ. ಆ ಗಾದೆಯನ್ನು ಇಲ್ಲಿ ಬಾಯಿಗೆ ತಂದುಕೊಳ್ಳಲು ನೋಡಿದೆ, ನಾಲಿಗೆ ಹೊರಳಲಿಲ್ಲ. ಷಪೀರಾ ಇಷ್ಟವಾಗುವುದು ಇಲ್ಲಿ. ಕೊನೆಕೊನೆಗೆ ಅವರು ಕಾರಣ ಹುಡುಕುವುದಕ್ಕಿಂತ ಹೆಚ್ಚಾಗಿ, ದೇವರೇ ಒಳಕೋಣೆ ಸೇರಿ ಅಳುತ್ತಿದ್ದಾನೆ, ಆ ಅಳು ಹೊರಬಂದರೆ ಲೋಕ ಉಳಿಯುವುದಿಲ್ಲ ಎಂದು ಯಹೂದಿ ಗ್ರಂಥ ತಾಲ್ಮುದ್‌ನ ಎಳೆ ಹಿಡಿದು ಹೇಳಿದರು.

ಟ್ರೆಬ್ಲಿಂಕಾದಲ್ಲಿ ನೋಡಲು ಏನೂ ಇಲ್ಲ. 1943ರಲ್ಲೇ ನಾತ್ಸಿಗಳು ಎಲ್ಲ ಕಿತ್ತುಹಾಕಿ, ನೆಲ ಉತ್ತು, ಲುಪಿನ್ ಗಿಡ ಬಿತ್ತಿ, ಒಂದು ಒಕ್ಕಲು ಮನೆ ಕಟ್ಟಿಹೋದರು. ಈಗ ಪೈನ್ ಕಾಡಿನ ನಡುವೆ ಬಯಲು, ಸುಮಾರು 17,000 ಕಲ್ಲುಗಳು. ಕೆಲವು ನೂರು ಕಲ್ಲುಗಳ ಮೇಲೆ ಊರಿನ ಹೆಸರು. ವ್ಯಕ್ತಿಯ ಹೆಸರಿರುವುದು ಒಂದರ ಮೇಲೆ ಮಾತ್ರ: ತನ್ನ ಅನಾಥಾಲಯದ ಮಕ್ಕಳ ಜೊತೆ ಸಾವಿಗೆ ಹೋದ ಯಾನುಷ್ ಕೊರ್ಚಾಕ್.

ವ್ಯಾನಿನಲ್ಲಿ ಬಂದ ಒಂದು ಗುಂಪು ಅಲ್ಲಿ ನಿಂತಿತ್ತು. ಹಿರಿಯರೊಬ್ಬರು ನಮ್ಮತ್ತ ಬಂದು ಹುಡುಗನನ್ನು ಇಂಗ್ಲಿಷಿನಲ್ಲಿ ಕೇಳಿದರು: "ನೀವು ಯಹೂದಿಯಾ?" ಸತ್ತವರಿಗಾಗಿ ಹೇಳುವ ಕದ್ದಿಶ್ ಪ್ರಾರ್ಥನೆಗೆ ಹತ್ತು ಜನ ಬೇಕು. ಅವರಲ್ಲಿ ಒಂಬತ್ತು ಗಂಡಸರಿದ್ದರು. ನಾಲ್ಕೈದು ಹೆಂಗಸರೂ ಇದ್ದರು. ಅವರ ಸಂಪ್ರದಾಯದಲ್ಲಿ ಹೆಂಗಸರು ಲೆಕ್ಕಕ್ಕಿಲ್ಲ, ನನ್ನ ಮುಖವನ್ನಂತೂ ನೋಡಲೇ ಇಲ್ಲ.

"ಇಲ್ಲ ಸರ್, ದಾವಣಗೆರೆ," ಎಂದುಬಿಟ್ಟ ನಮ್ಮ ಹುಡುಗ, ಗಾಬರಿಯಲ್ಲಿ. ಆಮೇಲೆ ಸಾವರಿಸಿಕೊಂಡು, "ಇಲ್ಲಿ ಎಂಟು ಲಕ್ಷ ಜನ ಇದ್ದಾರಲ್ಲ ಸರ್, ಒಬ್ಬರನ್ನು ಎಣಿಸಿಕೊಳ್ಳೋಕೆ ಆಗಲ್ವಾ?"

ನನಗೆ ನೆಲ ಬಿರಿಯಬಾರದೇ ಅನ್ನಿಸಿತು. ಮುದುಕರು ಸಿಟ್ಟಾಗಲಿಲ್ಲ. ಸತ್ತವರಿಗೆ ವಿಧಿಗಳು ಅನ್ವಯಿಸುವುದಿಲ್ಲ, ಅದು ನಿಯಮ, ಎಂದರು. ಹತ್ತನೆಯವನಿಲ್ಲದಿದ್ದರೆ? ಕೀರ್ತನೆ ಓದುತ್ತೇವೆ, ಕದ್ದಿಶ್ ಹೇಳುವುದಿಲ್ಲ. ದೇವರು ಏನಂದುಕೊಂಡಾನು ಎಂದು ಹುಡುಗ ಕೇಳುವ ಮೊದಲೇ ಅವನ ತೋಳು ಹಿಡಿದೆ.

ಅವರು ಕಾಯುತ್ತ ನಿಂತರು. ಬಹಳ ಹೊತ್ತಿನ ಮೇಲೆ ಇನ್ನೊಂದು ಬಸ್ಸು ಬಂತು. ಅದರಿಂದ ಇಳಿದ ನಡುವಯಸ್ಸಿನವನೊಬ್ಬನನ್ನು ಮುದುಕರು ಕೈಹಿಡಿದು ಕರೆತಂದರು. ಅವನ ತಲೆಯ ಮೇಲೆ ಟೋಪಿಯಿರಲಿಲ್ಲ. ಯಾರೋ ಜೇಬಿನಿಂದ ಒಂದನ್ನು ತೆಗೆದುಕೊಟ್ಟರು. ಪ್ರಾರ್ಥನೆ ಅವನಿಗೆ ಬಾಯಿಪಾಠ ಬರುತ್ತಿರಲಿಲ್ಲ, ಪಕ್ಕದವನ ಪುಸ್ತಕಕ್ಕೆ ಬಗ್ಗಿ ಎಲ್ಲರಿಗಿಂತ ಒಂದು ಶಬ್ದ ಹಿಂದೆ ಹಿಂದೆಯೇ ಹೇಳುತ್ತಿದ್ದ. ಆ ಪ್ರಾರ್ಥನೆಯಲ್ಲಿ ಸಾವಿನ ಮಾತೇ ಇಲ್ಲ, ಬರೀ ದೇವರ ಸ್ತುತಿ. ಮುಗಿದ ಕೂಡಲೇ ಅವನು ಟೋಪಿ ಹಿಂತಿರುಗಿಸಲು ಹೋದ. ಇಟ್ಟುಕೋ, ಮುಂದಿನ ಗುಂಪಿಗೂ ಒಬ್ಬ ಕಡಿಮೆ ಇರಬಹುದು, ಎಂದರು ಮುದುಕರು.