ಟ್ರಂಕಿನೊಳಗಿನ ಕಬಡ್ಡಿ

ಮೇ ತಿಂಗಳ ರಾತ್ರಿ, ಗಂಟೆ ಒಂಬತ್ತು ದಾಟಿದೆ. ತಂಗಡಗಿಯ ಮಾಳಿಗೆ ಹಗಲಿಡೀ ಕುಡಿದ ಬಿಸಿಲನ್ನು ಈಗ ನಿಮ್ಮ ನೆತ್ತಿಯ ಮೇಲೆ ಇಳಿಸುತ್ತಿದೆ. ಕಿಟಕಿಯಿಂದ ಆಗಾಗ ಬರುವ ಗಾಳಿಯಲ್ಲಿ ಕೃಷ್ಣೆಯ ಹಿನ್ನೀರಿನ ಹಸಿ ಕೆಸರಿನ ವಾಸನೆಯಿದೆ. ಶರಣೆ ನೀಲಮ್ಮನ ಐಕ್ಯಸ್ಥಳದ ಕಡೆ ಎಲ್ಲೋ ಒಂದು ನಾಯಿ ಬೊಗಳಿ ಸುಮ್ಮನಾಗುತ್ತದೆ. ನೀವು ಫರಸಿಯ ಮೇಲೆ ಮೊಣಕಾಲೂರಿ ಕುಳಿತು ತಗಡಿನ ಟ್ರಂಕಿನ ಚಿಲಕ ಎತ್ತುತ್ತೀರಿ. ಕಿರ್ ಎನ್ನುವ ಸದ್ದಿನ ಹಿಂದೆಯೇ ಡಾಂಬರು ಗುಳಿಗೆಯ ಘಾಟು ಮೂಗಿಗೆ ಬಡಿಯುತ್ತದೆ.

"ಏ ತಮ್ಮಾ, ಉಂಡು ಮಲಗೂದು ಬಿಟ್ಟು ಟ್ರಂಕ್ ಯಾಕ ಕೆದರಾಕತ್ತಿ?" ಪಡಸಾಲೆಯಿಂದ ಅವ್ವನ ದನಿ.

"ಏನಿಲ್ಲಬೇ, ಹಳೇ ಸಾಮಾನ ನೋಡಾಕತ್ತೇನಿ."

ಮೇಲೆ ಅಜ್ಜಿ ಹೊಲಿದ ಕೌದಿ. ಅದರ ಅಡಿ ಶಾಲೆಯ ಪಾಟಿ, ತಂತಿ ಕಿತ್ತ ಟ್ರಾನ್ಸಿಸ್ಟರ್. ಇನ್ನೂ ಕೆಳಗೆ, ಒಂದು ದಸ್ತಿಯಲ್ಲಿ ಸುತ್ತಿಟ್ಟ ಗಟ್ಟಿ ವಸ್ತು. ಬಿಚ್ಚುವ ಮೊದಲೇ ಬೆರಳುಗಳಿಗೆ ಗುರುತು ಹತ್ತುತ್ತದೆ. ಎಡಗೈ ಹೆಬ್ಬೆರಳು ತಾನಾಗಿ ಹೋಗಿ ಸಣ್ಣ ದುಂಡು ಗುಂಡಿಯ ಮೇಲೆ ಕೂರುತ್ತದೆ, ತೋರುಬೆರಳುಗಳು ಮೇಲಿನ ಎರಡು ತುದಿಗಳನ್ನು ಹುಡುಕಿಕೊಳ್ಳುತ್ತವೆ. ಪಿಎಸ್‌ಪಿ, ಅಂಗೈಯಲ್ಲಿ ಹಿಡಿದು ಆಡುವ ಸೋನಿಯ ವಿಡಿಯೊಗೇಮ್ ಯಂತ್ರ. ಪುಣೆಯಲ್ಲಿ ಕೆಲಸಕ್ಕಿದ್ದ ಕಾಕಾ 2010ರ ಬೇಸಿಗೆ ಸೂಟಿಗೆ ತಂದುಕೊಟ್ಟದ್ದು. ಆ ವರ್ಷ ಓಣಿಯ ಹುಡುಗರೆಲ್ಲ ನಿಮ್ಮ ಬೆನ್ನ ಹಿಂದೆ ನಿಂತು ಉಸಿರು ಬಿಟ್ಟಿದ್ದಾರೆ.

ಆದರೆ ಇವತ್ತು ಅದು ಕೈಯಲ್ಲಿ ಸರಿಯಾಗಿ ಕೂರುತ್ತಿಲ್ಲ. ಬೆನ್ನಿನ ಕಡೆ ಏನೋ ಒತ್ತುತ್ತಿದೆ. ತಿರುವಿ ದೀಪಕ್ಕೆ ಹಿಡಿಯುತ್ತೀರಿ. ಬ್ಯಾಟರಿಯ ಮುಚ್ಚಳ ಅರ್ಧ ಎದ್ದು ನಿಂತಿದೆ.

ಎದೆ ಝಲ್ಲೆನ್ನುತ್ತದೆ. ಲಿಥಿಯಂ ಬ್ಯಾಟರಿಗೆ ವಯಸ್ಸಾದರೆ ಒಳಗೆ ಅನಿಲ ತುಂಬುತ್ತದೆ, ಅದು ಹೊಟ್ಟೆ ಉಬ್ಬಿಸಿಕೊಳ್ಳುತ್ತದೆ. ಮೊದಲಿನದು ಸೋತ ಮೇಲೆ ರಿಪೇರಿ ಅಂಗಡಿಯಲ್ಲಿ ಕೊಂಡ ಹೆಸರಿಲ್ಲದ ಬ್ಯಾಟರಿ ಇದು. ಎಷ್ಟು ವರ್ಷ ಹೀಗೆ ಕೌದಿಯ ಕೆಳಗೆ ಉಬ್ಬುತ್ತ ಕೂತಿತ್ತೋ. ಮೇಲ್ಗಡೆ ಒಣಗಿದ ಅರಳೆ, ಬದಿಯಲ್ಲಿ ಕಾಗದ, ಸುತ್ತ ಮೇ ತಿಂಗಳ ಸೆಕೆ.

ಚಾಕು ಬೇಕೆನಿಸುತ್ತದೆ. ಬೇಡ. ಚೂಪು ತಾಗಿದರೆ ಪೊರೆ ಹರಿಯುತ್ತದೆ, ಹರಿದರೆ ಹೊತ್ತಿಕೊಳ್ಳುತ್ತದೆ. ಹೆಬ್ಬೆರಳಿನ ಉಗುರನ್ನೇ ಸಂದಿಗೆ ಸಿಕ್ಕಿಸುತ್ತೀರಿ. ಎಳೆಯುತ್ತೀರಿ. ಜಗ್ಗುವುದಿಲ್ಲ. ಬೆವರು ಹುಬ್ಬಿನಿಂದ ಕಣ್ಣಿಗೆ ಇಳಿಯುತ್ತದೆ. ಉಸಿರು ಹಿಡಿದು ಮತ್ತೆ ಎಳೆಯುತ್ತೀರಿ. ಟಕ್. ಮುಚ್ಚಳ ಹಾರಿ ಫರಸಿಯ ಮೇಲೆ ಬೀಳುತ್ತದೆ, ಹಿಂದೆಯೇ ಬ್ಯಾಟರಿ ಅಂಗೈಗೆ ಜಾರುತ್ತದೆ. ಮೆತ್ತಗಿದೆ. ಮೂಗಿಗೆ ಒಯ್ಯದೆಯೇ ಸಿಹಿ ಸಿಹಿಯಾದ, ಉಗುರು ಬಣ್ಣದಂಥ ವಾಸನೆಗಾಗಿ ಕಾಯುತ್ತೀರಿ. ಬರುವುದಿಲ್ಲ. ಸೋರಿಲ್ಲ.

ಅವ್ವ ಬಾಗಿಲಿಗೆ ಬಂದು ನಿಂತಿದ್ದಾಳೆ. "ಅಯ್ಯ, ಹಪ್ಪಳ ಉಬ್ಬಿದಂಗ ಉಬ್ಬೇತಲ್ಲೋ! ಒಲಿಯಾಗ ಹಾಕಿ ಸುಟ್ಟಬಿಡು."

"ಒಲಿ ಸನೇಕ ಸುದ್ದಾ ಒಯ್ಯಬ್ಯಾಡ ಯವ್ವಾ. ಸಿಡೀತೈತಿ."

ಅಂಗಳಕ್ಕೆ ಹೋಗಿ ಹಳೆಯ ಬೋಗುಣಿಯಲ್ಲಿ ಒಣ ಉಸುಕು ತುಂಬುತ್ತೀರಿ. ನಡುವೆ ಬ್ಯಾಟರಿ ಇಟ್ಟು, ಮೇಲೂ ಉಸುಕು ಹಾಕಿ, ಮನೆಯಿಂದಲೂ ಬಣವೆಯಿಂದಲೂ ದೂರ ಗೋಡೆಯ ಬದಿಗೆ ಇಡುತ್ತೀರಿ. ಕೈ ಇನ್ನೂ ನಡುಗುತ್ತಿದೆ.

ಈಗ ಯಂತ್ರ ಹಗುರ. ಬೆನ್ನಿನಲ್ಲಿ ಚೌಕಾಕಾರದ ಖಾಲಿ ಗೂಡು. ಬ್ಯಾಟರಿ ಇಲ್ಲದೆಯೂ ಇದು ಓಡುತ್ತದೆ, ಗೋಡೆಯ ಕರೆಂಟು ನೇರ ಸಿಕ್ಕರೆ ಸಾಕು. ಟ್ರಂಕಿನ ಮೂಲೆಯಲ್ಲಿ ಚಾರ್ಜರ್ ಸಿಗುತ್ತದೆ, 5 ವೋಲ್ಟಿನದು. ಆದರೆ ಇದರ ಅರ್ಥವೂ ನಿಮಗೆ ಗೊತ್ತು. ಕರೆಂಟು ಕಣ್ಣು ಮುಚ್ಚಿದರೆ ಯಂತ್ರವೂ ಆ ಕ್ಷಣದಲ್ಲೇ ಮುಚ್ಚುತ್ತದೆ. ಬೇಸಿಗೆಯ ರಾತ್ರಿ, ಊರಿನ ಫ್ಯಾನುಗಳೆಲ್ಲ ತಿರುಗುವ ಹೊತ್ತು. ನಾಳೆ ಬೆಳಗ್ಗೆ ಮಾಡಿದರಾಯಿತೆ? ನಾಳೆ ಬೆಳಗಿನ ಬಸ್ಸಿಗೆ ನೀವು ಮುದ್ದೇಬಿಹಾಳದ ಕಡೆ ಹೊರಡಬೇಕು. ಪ್ಲಗ್ ಚುಚ್ಚುತ್ತೀರಿ.

ಬಲಬದಿಯ ಗುಂಡಿಯನ್ನು ಮೇಲಕ್ಕೆ ತಳ್ಳುತ್ತೀರಿ. ಹಸಿರು ದೀಪ. ಕಪ್ಪು ಗಾಜಿನೊಳಗೆ ಬೆಳಕು ನಿಧಾನಕ್ಕೆ ಏರುತ್ತದೆ. ಪರದೆ ತೆರೆದೊಡನೆ ಯಂತ್ರ ಕೇಳುವ ಮೊದಲ ಪ್ರಶ್ನೆ: ಇವತ್ತು ಯಾವ ದಿನ? ಬ್ಯಾಟರಿ ತೆಗೆದರೆ ಅದು ಕಾಲವನ್ನೇ ಮರೆಯುತ್ತದೆ. ನೀವು ಬಾಣದ ಗುಂಡಿ ಒತ್ತಿ ವರ್ಷವನ್ನು ಒಂದೊಂದಾಗಿ ಮುಂದಕ್ಕೆ ಓಡಿಸುತ್ತೀರಿ. 2004, ಡಿಸೆಂಬರ್ 12ರಂದು ಜಪಾನಿನಲ್ಲಿ ಈ ಯಂತ್ರ ಮಾರಾಟಕ್ಕೆ ಬಂತು. 2010, ನಿಮ್ಮ ಮನೆಗೆ ಬಂದ ವರ್ಷ. 2014, ಸೋನಿ ಇದನ್ನು ಮಾರುಕಟ್ಟೆಗೆ ಕಳಿಸುವುದನ್ನು ನಿಲ್ಲಿಸಿದ ವರ್ಷ. ಅಷ್ಟರಲ್ಲಿ ಜಗತ್ತಿನಲ್ಲಿ ಹೆಚ್ಚುಕಡಿಮೆ 8 ಕೋಟಿ ಕೈಗಳಿಗೆ ಇದು ತಲುಪಿತ್ತು. ಹೆಬ್ಬೆರಳು ಒತ್ತುತ್ತಲೇ ಇದೆ. ನೀವು ಡಿಗ್ರಿ ಮುಗಿಸಿದ ವರ್ಷ, ಅಜ್ಜಿ ಹೋದ ವರ್ಷ, ಕೊರೊನಾ ವರ್ಷ. ಎಲ್ಲವೂ ಒಂದೊಂದು ಟಿಕ್ ಸದ್ದು.

ಯಂತ್ರದ ಬೆನ್ನಿನ ಇನ್ನೊಂದು ಬಾಗಿಲು ತೆರೆಯುತ್ತೀರಿ. ಒಳಗೆ ಪಾರದರ್ಶಕ ಪ್ಲಾಸ್ಟಿಕ್ಕಿನ ಹೊದಿಕೆಯಲ್ಲಿ ಪುಟ್ಟ ತಟ್ಟೆ. ಇದಕ್ಕೆ ಯುಎಂಡಿ ಎನ್ನುತ್ತಾರೆ, 1.8 ಗಿಗಾಬೈಟ್ ಹಿಡಿಸುತ್ತದೆ. ಮೇಲಿನ ಹೆಸರು ಓದಿ ನಿಮಗೇ ನಗು ಬರುತ್ತದೆ: ದೇಸಿ ಅಡ್ಡಾ. ಹೈದರಾಬಾದಿನ ಗೇಮ್‌ಶಾಸ್ತ್ರ ಎಂಬ ಕಂಪನಿ ಮಾಡಿದ್ದು, ಸೋನಿ ಹೊರತಂದದ್ದು. ಅದರೊಳಗೆ ಗಾಳಿಪಟವಿದೆ, ಗಿಲ್ಲಿ ದಾಂಡು ಇದೆ, ಕಬಡ್ಡಿ ಇದೆ. ಅಂದರೆ ನಿಮ್ಮ ಓಣಿಯ ಚಿಣಿಪಣಿ, ನಿಮ್ಮ ಶಾಲೆಯ ಬಯಲಿನ ಕಬಡ್ಡಿ. ಜಪಾನಿನ ಯಂತ್ರದೊಳಗೆ ನಮ್ಮ ಮಣ್ಣಿನ ಆಟ ಕಂಡ ದಿನ ಅಜ್ಜ ಕನ್ನಡಕ ತಂದು ಹಾಕಿಕೊಂಡು ನೋಡಿದ್ದ.

ತಟ್ಟೆಯ ಮೇಲೆ ಒಂದು ಗೀರಿದೆ. ಈಗಲೇ ಇದರ ಇನ್ನೊಂದು ಪ್ರತಿ ಇಳಿಸಿಕೊಂಡರೆ? ಫೋನಿನ ಹಾಟ್‌ಸ್ಪಾಟ್ ಹಚ್ಚುತ್ತೀರಿ. ಯಂತ್ರ ಹುಡುಕುತ್ತದೆ, ಮತ್ತೆ ಹುಡುಕುತ್ತದೆ, ಕೈಚೆಲ್ಲುತ್ತದೆ. ಅದಕ್ಕೆ ಬರುವುದು 802.11ಬಿ ಎಂಬ ಹಳೆಯ ವೈಫೈ ಮತ್ತು ಅಂದಿನ ಕಾಲದ ಬೀಗದ ಕೈ ಮಾತ್ರ. ನಿಮ್ಮ ಫೋನು ಹಾಕಿಕೊಂಡಿರುವ ಹೊಸ ಬೀಗ ಅದಕ್ಕೆ ತೆರೆಯದು. ತೆರೆದಿದ್ದರೂ ಆಚೆ ಅಂಗಡಿ ಇಲ್ಲ. 2021ರ ಮಾರ್ಚ್‌ನಲ್ಲಿ ಸೋನಿ ಪಿಎಸ್3, ವೀಟಾ ಎಂಬ ತನ್ನ ಇನ್ನೆರಡು ಯಂತ್ರಗಳ ಆನ್‌ಲೈನ್ ಅಂಗಡಿಗಳಿಗೂ ಪಿಎಸ್‌ಪಿಯಲ್ಲಿ ಉಳಿದಿದ್ದ ಕೊಳ್ಳುವ ದಾರಿಗೂ ಬೀಗ ಹಾಕುವುದಾಗಿ ಹೇಳಿತು. ಆಟಗಾರರು ಗದ್ದಲ ಎಬ್ಬಿಸಿದ ಮೇಲೆ ಏಪ್ರಿಲ್‌ನಲ್ಲಿ ಮೊದಲೆರಡನ್ನು ಉಳಿಸಿತು. ಪಿಎಸ್‌ಪಿಯಲ್ಲಿ ಕೊಳ್ಳುವ ದಾರಿ ಆ ಜುಲೈನಲ್ಲಿ ಮುಚ್ಚಿಯೇ ಹೋಯಿತು. ಕೈಯಲ್ಲಿರುವ ಈ ಗೀರು ಬಿದ್ದ ತಟ್ಟೆಯೇ ನಿಮ್ಮ ಪಾಲಿನ ಆಟ.

ಬಾಗಿಲು ಮುಚ್ಚುತ್ತೀರಿ. ಗರ್ರ್... ತಟ್ಟೆ ತಿರುಗುವ ಸದ್ದು ಅಂಗೈಗೆ ಸಣ್ಣ ನಡುಕವಾಗಿ ತಾಗುತ್ತದೆ. ನಿಲ್ಲುತ್ತದೆ. ಲೇಸರ್ ಗೀರಿನ ಮೇಲೆ ತಡವರಿಸುತ್ತಿದೆ. ಮತ್ತೆ ಗರ್ರ್, ಟಕ್ ಟಕ್. ನೀವು ಯಂತ್ರವನ್ನು ಕಿವಿಗೆ ಹಿಡಿಯುತ್ತೀರಿ, ಡಾಕ್ಟರು ಮಗುವಿನ ಎದೆಗೆ ಕಿವಿ ಕೊಟ್ಟಂತೆ. ಬಾ, ಬಾ, ಇನ್ನೊಂದು ಸುತ್ತು. ಸದ್ದು ಸಮವಾಗುತ್ತದೆ. ಪರದೆಯ ಮೇಲೆ ಬಣ್ಣ ಚೆಲ್ಲುತ್ತದೆ.

ಮೊದಲು ಹಳೆಯ ಆಟಗಳ ಪಟ್ಟಿ ತೆರೆದುಕೊಳ್ಳುತ್ತದೆ. ಪ್ರತಿ ಸೇವ್ ಪಕ್ಕದಲ್ಲೂ ಅದು ಉಳಿದ ದಿನಾಂಕ, ಗಂಟೆ. ನೀವು ಇದನ್ನು ಮರೆತೇಬಿಟ್ಟಿದ್ದಿರಿ. ಒಂದರ ಮುಂದೆ 2011ರ ಏಪ್ರಿಲ್, ಮಧ್ಯಾಹ್ನ. ಪರೀಕ್ಷೆ ಮುಗಿದ ದಿನವೇ ಇರಬೇಕು. ಇನ್ನೊಂದರ ಮುಂದೆ 2012, ಮೇ 6, ರಾತ್ರಿ 11:48. ಆ ರಾತ್ರಿ ನೆನಪಾಗುತ್ತದೆ. ಕಾಕಾನ ಮಗ ಮತ್ತು ನೀವು ಮಾಳಿಗೆಯ ಮೇಲೆ ಒಂದೇ ಕೌದಿಯೊಳಗೆ ಮುಸುಕು ಹೊದ್ದು, ಬೆಳಕು ಹೊರಗೆ ಕಾಣದಂತೆ ಕಬಡ್ಡಿ ಆಡಿದ ರಾತ್ರಿ. ಶೇಂಗಾದ ಸಿಪ್ಪೆ ಬೆನ್ನಿಗೆ ಚುಚ್ಚುತ್ತಿತ್ತು. ಅವನೀಗ ಕೊಲ್ಲಿಯಲ್ಲಿ ಕೆಲಸಕ್ಕಿದ್ದಾನೆ, ಎರಡು ವರ್ಷಕ್ಕೊಮ್ಮೆ ಬರುತ್ತಾನೆ. ಆ ರಾತ್ರಿಯ ಒಂದು ಫೋಟೊ ಕೂಡ ಯಾರ ಹತ್ತಿರವೂ ಇಲ್ಲ. ಇರುವುದು ಇದೊಂದು ಸಾಲು.

ಅದನ್ನೇ ತೆರೆಯುತ್ತೀರಿ. ಅಂಕಣ ಮೂಡುತ್ತದೆ. ಹೆಬ್ಬೆರಳಿಗೆ ಹಳೆಯ ಬುದ್ಧಿ ಮರಳುತ್ತದೆ. ಗೆರೆ ದಾಟುತ್ತೀರಿ, ಒಬ್ಬನನ್ನು ಮುಟ್ಟುತ್ತೀರಿ, ಮೂವರು ಮುತ್ತುತ್ತಾರೆ. ನಿಮಗೆ ಗೊತ್ತಿಲ್ಲದೆಯೇ ನೀವೂ ಉಸಿರು ಕಟ್ಟಿದ್ದೀರಿ. ಎಡಕ್ಕೆ! ಗುಂಡಿ ಸವೆದು ತಾನೇ ಬಲಕ್ಕೆ ಎಳೆಯುತ್ತಿದೆ. ಒತ್ತಿ ಹಿಡಿಯುತ್ತೀರಿ. ಹಿಂದಕ್ಕೆ, ಹಿಂದಕ್ಕೆ. ಗೆರೆ. ಮುಟ್ಟಿದಿರಿ. ಎದೆಯಿಂದ ಗಾಳಿ ಭುಸ್ಸೆಂದು ಹೊರಬರುತ್ತದೆ.

ಪರದೆ ಕೇಳುತ್ತದೆ: ಹಳೆಯದರ ಮೇಲೆ ಉಳಿಸಲೆ?

ಹೆಬ್ಬೆರಳು ಗುಂಡಿಯ ಮೇಲಿದೆ. ಹೌದು ಎಂದರೆ ಇವತ್ತಿನ ಗೆಲುವು ಉಳಿಯುತ್ತದೆ. ಆದರೆ 2012, ಮೇ 6 ಅಳಿಸಿ ಅಲ್ಲಿ ಇವತ್ತಿನ ತಾರೀಖು ಕೂರುತ್ತದೆ. ಮೇಲೆ ಫ್ಯಾನಿನ ವೇಗ ಒಮ್ಮೆ ಕುಗ್ಗುತ್ತದೆ. ಬಲ್ಬು ಕೆಂಪಾಗಿ ಮತ್ತೆ ಬೆಳ್ಳಗಾಗುತ್ತದೆ. ಮೆಮೊರಿ ಕಾರ್ಡಿಗೆ ಬರೆಯುತ್ತಿರುವಾಗ ಕರೆಂಟು ಹೋದರೆ ಹೊಸದೂ ಇಲ್ಲ, ಹಳೆಯದೂ ಇಲ್ಲ. ಒತ್ತಲೆ? ಗೆದ್ದದ್ದನ್ನು ಬಿಡಲು ಮನಸ್ಸಿಲ್ಲ. ಫ್ಯಾನು ಮತ್ತೆ ಕುಗ್ಗುತ್ತದೆ. ಬೇಡ. ಬೇಡ ಎಂದು ಒತ್ತುತ್ತೀರಿ.

ಕರೆಂಟು ಹೋಗುತ್ತದೆ.

ಹಸಿರು ದೀಪವಿಲ್ಲ. ಕೈಯೊಳಗೆ ತಟ್ಟೆ ರ್ರ್ರ್ ಎಂದು ಸುತ್ತು ಕಳೆದುಕೊಳ್ಳುತ್ತ ನಿಂತುಹೋಗುತ್ತದೆ. ಊರಿಗೆ ಊರೇ ಕತ್ತಲು. ಫ್ಯಾನು ನಿಂತೊಡನೆ ಸೊಳ್ಳೆಗಳು ಕಿವಿಗೆ ಬರುತ್ತವೆ. ನೀವು ಅಲ್ಲಾಡುವುದಿಲ್ಲ. ಅರೆಕ್ಷಣ ಮೊದಲು ಹೌದು ಎಂದಿದ್ದರೆ ಏನಾಗುತ್ತಿತ್ತು ಎಂಬ ಯೋಚನೆ ಬೆನ್ನುಹುರಿಯಲ್ಲಿ ತಣ್ಣಗೆ ಇಳಿಯುತ್ತದೆ.

ಕತ್ತಲಲ್ಲಿ ಇನ್ನೊಂದು ಯಂತ್ರ ನೆನಪಿಗೆ ಬರುತ್ತದೆ. ಪಿಎಸ್‌ಪಿ ಹುಟ್ಟಿದ 2004ರಲ್ಲೇ ನಮ್ಮ ಬೆಂಗಳೂರಿನಿಂದಲೂ ಅಂಗೈ ಯಂತ್ರವೊಂದು ಮಾರುಕಟ್ಟೆಗೆ ಬಂದಿತ್ತು: ಭಾರತೀಯ ವಿಜ್ಞಾನ ಸಂಸ್ಥೆಯ ಪ್ರಾಧ್ಯಾಪಕರು ಕನಸು ಕಂಡು ಕಟ್ಟಿದ, ಬಿಇಎಲ್ ಕಾರ್ಖಾನೆಯಲ್ಲಿ ತಯಾರಾದ ಆಮಿಡಾ ಸಿಂಪ್ಯೂಟರ್. ಕೈಯಲ್ಲಿ ಓರೆ ಮಾಡಿದರೆ ಓರೆಯಾದದ್ದು ಅದಕ್ಕೆ ತಿಳಿಯುತ್ತಿತ್ತು, ಐಫೋನ್ ಬರುವುದಕ್ಕೆ ಮೂರು ವರ್ಷ ಮೊದಲೇ. 50,000 ಮಾರುವ ಗುರಿಯಿತ್ತು, 2005ರ ಹೊತ್ತಿಗೆ ಹೋದದ್ದು 4,000ದಷ್ಟು. ಕೆಲವೇ ವರ್ಷಗಳಲ್ಲಿ ಅದೂ ಮರೆಯಾಯಿತು. ಅದರೊಳಗೆ ಯಾರು ಯಾರು ಏನೇನು ಬರೆದಿಟ್ಟಿದ್ದರೋ, ಅದೆಲ್ಲ ಯಾವ ಟ್ರಂಕಿನಲ್ಲಿದೆಯೋ.

ಮುಕ್ಕಾಲು ಗಂಟೆಯ ಮೇಲೆ ಓಣಿಯ ಹುಡುಗರ ಹೋ ಎಂಬ ಕೂಗು. ಬಲ್ಬು ಹತ್ತಿದೆ. ಈ ಸಲ ನೀವು ಆಟ ತೆರೆಯುವುದಿಲ್ಲ. ತಟ್ಟೆ ಹೊರತೆಗೆದು ದಸ್ತಿಯಿಂದ ಒರೆಸಿ ಇಡುತ್ತೀರಿ. ಹಳೆಯ ಕ್ಯಾಮೆರಾದ ದಪ್ಪ ಮೂತಿಯ ಯುಎಸ್‌ಬಿ ತಂತಿ ಹುಡುಕಿ, ಒಂದು ತುದಿ ಯಂತ್ರಕ್ಕೆ, ಇನ್ನೊಂದು ಲ್ಯಾಪ್‌ಟಾಪಿಗೆ. ಪಿಎಸ್‌ಪಿ ಎಂಬ ಫೋಲ್ಡರು, ಅದರೊಳಗೆ ಸೇವ್‌ಡೇಟಾ ಎಂಬ ಫೋಲ್ಡರು. ಕಿತ್ತಳೆ ದೀಪ ಮಿಣುಕುತ್ತದೆ. ನೀವು ಫ್ಯಾನನ್ನು ನೋಡುತ್ತೀರಿ, ದೀಪವನ್ನು ನೋಡುತ್ತೀರಿ, ಮತ್ತೆ ಫ್ಯಾನನ್ನು. ಮಿಣುಕು ನಿಲ್ಲುತ್ತದೆ. ಮೂರು ಬೇಸಿಗೆಗಳ ರಾತ್ರಿಗಳೆಲ್ಲ ಸೇರಿದರೂ ನಿಮ್ಮ ಫೋನಿನ ಒಂದು ಫೋಟೊದಷ್ಟು ತೂಕವಿಲ್ಲ. ಮೇ 6ರ ಸಾಲಿನ ಚಿತ್ರ ತೆಗೆದು ಕಾಕಾನ ಮಗನಿಗೆ ಕಳಿಸುತ್ತೀರಿ. ಎರಡು ನಿಮಿಷಕ್ಕೆ ಫೋನು ಗುರುಗುಡುತ್ತದೆ: "ಅಣ್ಣಾ, ಶೇಂಗಾ ಸಿಪ್ಪಿ ನೆನಪೈತೇನು?"

ಕಂಪನಿ ಹೇಳಿದ ದಿನ ಇಂಥ ಯಂತ್ರ ಸಾಯುವುದಿಲ್ಲ. ಅದರ ಕೊನೆಯ ವರ್ಷಗಳು ಕೌದಿಯ ಕೆಳಗೆ, ನಮ್ಮ ಮರೆವಿನಲ್ಲಿ ಕಳೆಯುತ್ತವೆ, ಅಲ್ಲಿ ಬ್ಯಾಟರಿ ಮಾತ್ರ ಸುಮ್ಮನೆ ಉಬ್ಬುತ್ತಿರುತ್ತದೆ. ನಿಮ್ಮ ಮನೆಯಲ್ಲೂ ಒಂದು ಟ್ರಂಕು ಇದ್ದೇ ಇರುತ್ತದೆ. ಈ ವಾರ ತೆರೆದು ನೋಡಿ. ಹಳೆಯ ಬ್ಯಾಟರಿಯನ್ನು ಮೊದಲು ಹೊರತೆಗೆಯಿರಿ. ಉಬ್ಬಿದ್ದರೆ ಚುಚ್ಚಬೇಡಿ, ಒಲೆಗೆ ಹಾಕಬೇಡಿ, ತಿಪ್ಪೆಗೆ ಎಸೆಯಬೇಡಿ, ಹೊಳೆಗಂತೂ ಬೇಡವೇ ಬೇಡ. ಉಸುಕಿನಲ್ಲಿಟ್ಟು, ಇ-ತ್ಯಾಜ್ಯ ತೆಗೆದುಕೊಳ್ಳುವವರಿಗೆ ತಲುಪಿಸಿ. ಆಮೇಲೆ ಒಳಗಿನ ಸೇವ್‌ಗಳ ಒಂದು ಪ್ರತಿ ತೆಗೆದಿಡಿ. ಆಟ ಆಮೇಲೆ ಆಡಬಹುದು.