ಎರಡು ಕೆಜಿ ಉಪ್ಪು

ದಿನಕ್ಕೆ ಒಂದು ಟೀ ಚಮಚ ಉಪ್ಪು ಮೀರಕೂಡದು ಎಂದು ಡಾಕ್ಟರು ನನಗೆ ಹೇಳಿ ಆರು ವರ್ಷವಾಯಿತು. ಅಂಥವನ ಎದುರು ನಿಂತು ಮೊಮ್ಮಗಳು, “ತಾತ, ಎರಡು ಕೆಜಿ ಉಪ್ಪು ಬೇಕು” ಎಂದಳು. ವೋಚರ್ ನೋಡದೆ ದುಡ್ಡು ಬಿಟ್ಟ ಗುಮಾಸ್ತ ನಾನಲ್ಲ. ಯಾಕೆಂದು ಕೇಳಿದೆ.

“ಅಮ್ಮನ ಹುಟ್ಟುಹಬ್ಬಕ್ಕೆ ಮೀನು ಬೇಯಿಸೋಕೆ.”

ಪದ್ಮನಾಭನಗರದ ನಮ್ಮ ಮನೆಯಲ್ಲಿ ಆ ಪದಾರ್ಥದ ಹೆಸರೇ ಎತ್ತುತ್ತಿರಲಿಲ್ಲ. ಅಡುಗೆಮನೆಯಲ್ಲಿ ಪಾತ್ರೆ ಕುಕ್ಕಿದ ಸದ್ದು ಕೇಳಿತು. ಅದು ನನ್ನ ಹೆಂಡತಿಯ ಅಭಿಪ್ರಾಯ.

ಸೊಸೆ ಕುಮಟಾದವಳು. ಹನ್ನೊಂದು ವರ್ಷದ ಹಿಂದೆ, ಮದುವೆಯಾದ ಮೇಲೆ ಮೊದಲ ಸಲ ತವರಿಗೆ ಹೋಗಿ ಬಂದಾಗ ಅವಳ ಚೀಲದಲ್ಲಿ ಒಣಮೀನಿನ ಪೊಟ್ಟಣವಿತ್ತು. “ಅದನ್ನ ಗೇಟಿನ ಆಚೆ ಇಟ್ಟು ಬಾಮ್ಮ” ಎಂದವನು ನಾನೇ. ಅವಳು ಮರುಮಾತಾಡಲಿಲ್ಲ. ಪೊಟ್ಟಣವನ್ನು ಆಟೋದವನಿಗೆ ಕೊಟ್ಟು ಒಳಗೆ ಬಂದು ಕಾಲು ತೊಳೆದಳು. ಆಮೇಲೆ ಒಂದು ದಿನವೂ ಮೀನಿನ ಮಾತೆತ್ತಿಲ್ಲ. ನನ್ನ ಲೆಕ್ಕದಲ್ಲಿ ಟ್ಯಾಲಿ ಆಗದೆ ಉಳಿದದ್ದು ಅದೊಂದೇ.

“ಓವನ್ ಹಿಂದಿನ ಯುಟಿಲಿಟಿಯಲ್ಲಿ ಇಟ್ಟುಕೊಳ್ಳಿ” ಎಂದೆ.

ಮೊಮ್ಮಗಳು ಇದನ್ನು ಮೊಬೈಲಿನಲ್ಲಿ ನೋಡಿದ್ದಳಂತೆ. ಸ್ಪೇನಿನ ಕರಾವಳಿಯಲ್ಲಿ ಮೀನನ್ನೂ, ಚೀನಾದ ಹಕ್ಕಾ ಜನ ಕೋಳಿಯನ್ನೂ ಹೀಗೆ ಉಪ್ಪಿನಲ್ಲಿ ಹೂತು ಬೇಯಿಸುತ್ತಾರೆ. ಒದ್ದೆ ಉಪ್ಪು ಬಿಸಿಗೆ ಇಟ್ಟಿಗೆಯಂತೆ ಗಟ್ಟಿಯಾಗಿ, ಒಳಗಿನ ಹಬೆಯನ್ನು ಹಿಡಿದಿಡುತ್ತದೆ. ಸಿಪ್ಪೆ, ಚರ್ಮ ಹರಿಯದಿದ್ದರೆ ಉಪ್ಪು ಒಳಗೆ ಹೆಚ್ಚು ಇಳಿಯುವುದಿಲ್ಲ. ಹಾಗಾಗಿ ನನಗೂ ಒಂದು ಪಾಲು ಸಿಕ್ಕಿತು: ಬೀಟ್‌ರೂಟ್.

ಆದರೆ ಉಪ್ಪು? ಪುಡಿ ಉಪ್ಪಲ್ಲ, ಹರಳುಪ್ಪೇ ಬೇಕೆಂದು ಹುಡುಗಿಯ ಹಟ. ಮನೆಯಲ್ಲಿ ಇದ್ದದ್ದು ಸಾಣಿಕಟ್ಟಾ ಉಪ್ಪು. ಗೋಕರ್ಣದ ಹತ್ತಿರ, ಅಘನಾಶಿನಿ ಸಮುದ್ರ ಸೇರುವ ಕಡೆಯ ಗದ್ದೆಗಳಲ್ಲಿ ಬಿಸಿಲಿಗೆ ಆದದ್ದು. (1930ರಲ್ಲಿ ಉಪ್ಪಿನ ಸತ್ಯಾಗ್ರಹ ನಡೆದ ಅಂಕೋಲಾ ಅಲ್ಲಿಗೆ ದೂರವಿಲ್ಲ.) ಪ್ರತಿ ಬೇಸಿಗೆ ಬೀಗರು ತರುತ್ತಾರೆ. ಮಾವಿನಕಾಯಿ ಉಪ್ಪಿನಕಾಯಿಗೆ ಅದೇ ಆಗಬೇಕು ನನ್ನ ಹೆಂಡತಿಗೆ. ಜಾಡಿ ಅವಳ ಸುಪರ್ದಿನಲ್ಲಿತ್ತು. ಕೇಳುವ ಧೈರ್ಯ ನನಗಿರಲಿಲ್ಲ. ಸ್ವಲ್ಪ ಹೊತ್ತಿಗೆ ನೋಡಿದರೆ ಜಾಡಿ ಯುಟಿಲಿಟಿಯ ಕಟ್ಟೆ ಮೇಲೆ ಕೂತಿತ್ತು. ಯಾರು ಇಟ್ಟರೆಂದು ಯಾರೂ ಕೇಳಲಿಲ್ಲ.

ಮಗ ಕದಿರೇನಹಳ್ಳಿ ಕಡೆಯಿಂದ ಇಡೀ ಪಾಂಫ್ರೆಟ್ ತಂದ. ಹೊಟ್ಟೆ ಮಾತ್ರ ಶುಚಿ ಮಾಡಿಸಿದ್ದ, ಚರ್ಮ ಹಾಗೇ ಇತ್ತು. ಉಪ್ಪಿಗೆ ಮೊಟ್ಟೆಯ ಬಿಳಿ ಕಲಸುವ ಪದ್ಧತಿಯೂ ಇದೆ. ಒಂದು ದಿನಕ್ಕೆ ಒಂದು ಕ್ರಾಂತಿ ಸಾಕೆಂದು ನಾವು ನೀರನ್ನೇ ಚಿಮುಕಿಸಿದೆವು. ಮೊದಲು ಒಂದು ಕೆಜಿ ಉಪ್ಪಿನೊಳಗೆ, ಸಿಪ್ಪೆ ತೆಗೆಯದ ಮೂರು ಬೀಟ್‌ರೂಟು ಒಂದು ಗಂಟೆಗೂ ಹೆಚ್ಚು ಬೆಂದವು. ಆಮೇಲೆ ಇನ್ನೊಂದು ಕೆಜಿಯಲ್ಲಿ ಮೀನು, 200 ಡಿಗ್ರಿ, 25 ನಿಮಿಷ.

“ವಾಸನೆ ಬರಲ್ಲ ಅಜ್ಜಿ, ಎಲ್ಲಾ ಒಳಗೇ ಇರುತ್ತೆ” ಎಂದು ಹುಡುಗಿ ಭರವಸೆ ಕೊಟ್ಟಿದ್ದಳು. ಓವನ್ ಉರಿಯುವಷ್ಟು ಹೊತ್ತು ಮಾತು ಉಳಿಯಿತು. ಮಗ ಕುಟ್ಟಾಣಿಯಿಂದ ಹೊಡೆದು ಉಪ್ಪು ಒಡೆದದ್ದೇ ತಡ, ಹಬೆಯ ಜೊತೆ ಕುಮಟಾ ಇಡೀ ಮನೆಗೆ ಬಂತು. ಹೆಂಡತಿ ಎದ್ದು ಕಿಟಕಿ ತೆಗೆದಳು. ಎದ್ದು ಹೋಗಲಿಲ್ಲ.

ಸೊಸೆ ಯುಟಿಲಿಟಿಯ ಮೆಟ್ಟಿಲ ಮೇಲೆ ತಟ್ಟೆ ಇಟ್ಟುಕೊಂಡು ಕೂತಳು. ಒಳಗೆ ಬಾ ಎಂದು ಕರೆದೆ. “ಇಲ್ಲೇ ಇರ್ತೆ ಮಾವ” ಎಂದಳು. ಬಲವಂತ ಮಾಡಲಿಲ್ಲ. ಮುಳ್ಳು ಬಿಡಿಸುವ ಬೆರಳುಗಳನ್ನು ನೋಡುತ್ತಾ ನಾನು ಬೀಟ್‌ರೂಟ್ ತಿಂದೆ. ಇಷ್ಟು ಸಿಹಿಯಾದ ಬೀಟ್‌ರೂಟ್ ನಾನು ತಿಂದಿರಲಿಲ್ಲ.

ಸಂಜೆ ಹೆಂಡತಿ ಜಾಡಿ ಬಗ್ಗಿಸಿ ನೋಡಿದಳು. ತಳದಲ್ಲಿ ಎರಡು ಹಿಡಿ ಇತ್ತು.

“ನೋಡಮ್ಮ, ಈ ಸಲ ನಿಮ್ಮಪ್ಪನಿಗೆ ಹೇಳು,” ಎಂದಳು ಸೊಸೆಗೆ, “ಉಪ್ಪಿನಕಾಯಿದು ಬೇರೆ, ಇದಕ್ಕೆ ಅಂತ ಎರಡು ಕೆಜಿ ಬೇರೆ ತರಲಿ.”